ಬೆಳಗಿನ ಮೂರು ಸೆಕೆಂಡಿನ ಗರಗರ

ಆ ಸದ್ದನ್ನು ಮೊದಲು ಕೇಳಿಸಿಕೊಂಡವಳು ನನ್ನ ಹೆಂಡತಿ. "ಕಾರು ಸ್ಟಾರ್ಟ್ ಮಾಡಿದ ತಕ್ಷಣ ತಗಡಿನ ಡಬ್ಬದಲ್ಲಿ ಕಡ್ಲೆಕಾಯಿ ಅಲ್ಲಾಡಿಸಿದಂಗೆ ಆಗುತ್ತಲ್ರೀ, ಏನದು?" ಎಂದು ಕೇಳಿದಳು. ಆಗ ಜನವರಿ. "ಹಳೇ ಕಾರು, ಚಳಿ ಬೇರೆ. ಬಿಸಿಯಾದ್ರೆ ಸರಿಹೋಗುತ್ತೆ" ಎಂದೆ. ಹಾಸನದಲ್ಲಿ ಇದೊಂದು ಅನುಕೂಲ, ಏನು ಕೆಟ್ಟರೂ ಚಳಿಯ ತಲೆಗೆ ಕಟ್ಟಬಹುದು. ಮೂರು ಸೆಕೆಂಡು ಗರಗರ ಅನ್ನುತ್ತಿತ್ತು. ಆಮೇಲೆ ಸುಮ್ಮನಾಗುತ್ತಿತ್ತು. ಅದು ಸುಮ್ಮನಾದರೆ ನಾನೂ ಸುಮ್ಮನಾಗುತ್ತಿದ್ದೆ.

ಹಾಗೆ ಸುಮ್ಮನಿದ್ದು ಸುಮ್ಮನಿದ್ದು ದಸರಾ ರಜೆ ಬಂತು.

ಕಾರಿನ ಹೆಸರು ಬೇಡ, ತಪ್ಪು ಜಾಸ್ತಿ ನನ್ನದೇ. 2014ರ ಮಾಡೆಲ್, 1.2 ಲೀಟರ್ ಪೆಟ್ರೋಲ್, ಸೆಕೆಂಡ್ ಹ್ಯಾಂಡ್. ನಾನು ಕೊಂಡಾಗ 62,000 ಕಿಲೋಮೀಟರ್ ಓಡಿತ್ತು. ಮಾರಿದವರು ಬಾನೆಟ್ ಎತ್ತಿ, "ಇದು ಚೈನ್ ಎಂಜಿನ್ ಸಾರ್, ಬೆಲ್ಟ್ ಅಲ್ಲ. ಲೈಫ್‌ಲಾಂಗ್ ಮುಟ್ಟೋ ಹಾಗೇ ಇಲ್ಲ" ಎಂದಿದ್ದರು. ಯಾರ ಲೈಫು ಎಂದು ನಾನು ಕೇಳಲಿಲ್ಲ. ಆಯಿಲ್ ಅನ್ನು 10,000 ಕಿಲೋಮೀಟರ್‌ಗೆ ಇಲ್ಲವೇ ವರ್ಷಕ್ಕೊಮ್ಮೆ, ಯಾವುದು ಮೊದಲೋ ಆಗ ಬದಲಿಸಬೇಕು ಎಂದು ಕಾರಿನ ಪುಸ್ತಕದಲ್ಲಿ ಸ್ಪಷ್ಟವಾಗಿ ಬರೆದಿದೆ. ನಾನು ಹದಿನೈದು, ಹದಿನಾರು ಸಾವಿರದವರೆಗೂ ಎಳೆಯುತ್ತಿದ್ದೆ. ಗಣಿತದ ಮೇಷ್ಟ್ರಾದರೂ ಈ ಲೆಕ್ಕ ಮಾತ್ರ ನನಗೆ ಯಾವತ್ತೂ ಬರಲಿಲ್ಲ.

ಧರ್ಮಸ್ಥಳಕ್ಕೆ ಹೋಗಿ ಬರುವಾಗ ಶಿರಾಡಿ ಘಾಟಿಯಲ್ಲಿ ಕಾರು ಎಳೆಯಲಿಲ್ಲ. ಮೂರನೇ ಗೇರಿನಲ್ಲಿ ಹತ್ತುತ್ತಿದ್ದ ತಿರುವುಗಳಿಗೆ ಎರಡನೆಯದು ಬೇಕಾಯಿತು. ಹಿಂದಿನಿಂದ ಟ್ಯಾಂಕರ್‌ನವನು ಹಾರ್ನ್ ಹೊಡೆದದ್ದೇ ಹೊಡೆದದ್ದು. ಸಕಲೇಶಪುರ ಮುಟ್ಟುವ ಹೊತ್ತಿಗೆ ಡ್ಯಾಶ್‌ಬೋರ್ಡಿನಲ್ಲಿ ಹಳದಿ ಎಂಜಿನ್ ದೀಪ ಹತ್ತಿಕೊಂಡಿತ್ತು.

ಮೊದಲು ತೋರಿಸಿದ ಕಡೆ ಸ್ಕ್ಯಾನರ್ ಹಾಕಿದರು. ಪಿ0016 ಎಂದು ಬಂತು. ಎಂಜಿನ್ನಿನೊಳಗೆ ಜೊತೆಯಾಗಿ ತಿರುಗುವ ಕ್ರ್ಯಾಂಕ್ ಮತ್ತು ಕ್ಯಾಮ್ ಎಂಬ ಎರಡು ದಂಡಗಳು ಇರುವ ಜಾಗ ಒಂದಕ್ಕೊಂದು ತಾಳೆಯಾಗುತ್ತಿಲ್ಲ ಅಂತ ಅದರ ಅರ್ಥ. "ಕ್ಯಾಮ್ ಸೆನ್ಸರ್ ಹೋಗಿದೆ" ಎಂದು ಹೊಸದು ಹಾಕಿ 1,800 ರೂಪಾಯಿ ತೆಗೆದುಕೊಂಡರು. ನಾಲ್ಕನೇ ದಿನ ದೀಪ ಮತ್ತೆ ಹತ್ತಿತು. ಪಾಪ, ಆ ಸೆನ್ಸರ್ ಇರುವುದನ್ನೇ ಹೇಳುತ್ತಿತ್ತು. ತಾಳೆ ತಪ್ಪಿದೆ ಎಂದು ಹೇಳಿದವನನ್ನೇ ಕೆಲಸದಿಂದ ತೆಗೆದಂತಾಯಿತು. ಆಮೇಲೆ ಒಂದು ದೊಡ್ಡ ವರ್ಕ್‌ಶಾಪಿಗೆ ಹೋದೆ. ಅಲ್ಲಿ ಎಂಜಿನ್ ಕೆಳಗಿಳಿಸಬೇಕು, 58,000 ಆಗುತ್ತದೆ ಎಂದರು. ಕಾಫಿ ಕೊಟ್ಟರು. ಕುಡಿದು ವಾಪಸ್ ಬಂದೆ.

ಕೊನೆಗೆ ನಮ್ಮ ಶಾಲೆಯ ದೈಹಿಕ ಶಿಕ್ಷಕರು ಬಿ.ಎಂ. ರಸ್ತೆಯ ಪಕ್ಕದ ಒಂದು ಶೆಡ್ಡಿಗೆ ಕರೆದುಕೊಂಡು ಹೋದರು. ಅಲ್ಲಿನ ಮೆಕ್ಯಾನಿಕ್ಕನ್ನು ಎಲ್ಲರೂ ಉಸ್ತಾದ್ ಎನ್ನುತ್ತಾರೆ. ಅರವತ್ತರ ಹತ್ತಿರದವರು, ಮಾತು ಕಡಿಮೆ. ಸ್ಕ್ಯಾನರನ್ನು ಕೇಳಲೇ ಇಲ್ಲ. ಎಂಜಿನ್ ಪೂರ್ತಿ ತಣ್ಣಗಾಗಲಿ ಎಂದು ಕಾರನ್ನು ರಾತ್ರಿ ಅಲ್ಲೇ ಬಿಡಿಸಿಕೊಂಡರು. ಬೆಳಿಗ್ಗೆ ನಾನು ಸ್ಟಾರ್ಟ್ ಮಾಡಿದಾಗ ಒಂದೂವರೆ ಅಡಿ ಉದ್ದದ ಸ್ಕ್ರೂಡ್ರೈವರಿನ ತುದಿಯನ್ನು ಎಂಜಿನ್ ಪಕ್ಕದಲ್ಲಿ ಚೈನನ್ನು ಮುಚ್ಚಿರುವ ಟೈಮಿಂಗ್ ಕವರಿಗೆ ಒತ್ತಿ, ಹಿಡಿಯನ್ನು ಕಿವಿಗೆ ಆನಿಸಿಕೊಂಡರು. ಡಾಕ್ಟರು ಸ್ಟೆತಾಸ್ಕೋಪ್ ಇಟ್ಟ ಹಾಗೆ. ಆಮೇಲೆ ಹಿಡಿಯನ್ನು ನನ್ನ ಕಿವಿಗೆ ಕೊಟ್ಟರು. ಒಳಗೆ ಯಾರೋ ಬಾವಿಯ ರಾಟೆಗೆ ಕಬ್ಬಿಣದ ಸರಪಳಿ ಹಾಕಿ ಎಳೆಯುತ್ತಿದ್ದಾರೆ ಅನ್ನಿಸಿತು.

"ಎಷ್ಟು ದಿನದಿಂದ ಇದೆ ಮೇಷ್ಟ್ರೇ?"

"ಹತ್ತಿರ ಹತ್ತಿರ ಒಂಬತ್ತು ತಿಂಗಳು."

ಅವರು ಏನೂ ಹೇಳಲಿಲ್ಲ. ಡಿಪ್‌ಸ್ಟಿಕ್ ಎಳೆದು ತೋರಿಸಿದರು. ತುದಿಗೆ ಮಾತ್ರ ಆಯಿಲ್ ಅಂಟಿತ್ತು, ಅದೂ ಕಾಡಿಗೆಯ ಹಾಗೆ.

ಸದ್ದು ಬರುತ್ತಿದ್ದದ್ದು ಕಾರು ಮಾರಿದವರು ಹೊಗಳಿದ್ದ ಆ ಚೈನಿನಿಂದಲೇ. ಅದು ಮಾಡುವ ಕೆಲಸವನ್ನು ಇಲ್ಲೇ ಹೇಳಿಬಿಡುತ್ತೇನೆ. ಪಿಸ್ಟನ್‌ಗಳು ಮೇಲೆ ಕೆಳಗೆ ಓಡಾಡಿ ಕ್ರ್ಯಾಂಕನ್ನು ತಿರುಗಿಸುತ್ತವೆ. ಗಾಳಿ ಪೆಟ್ರೋಲ್ ಒಳಗೆ ಬಿಡುವುದಕ್ಕೂ ಹೊಗೆ ಹೊರಗೆ ಬಿಡುವುದಕ್ಕೂ ಮೇಲೆ ವಾಲ್ವ್‌ಗಳಿವೆ. ಅವನ್ನು ಒತ್ತಿ ತೆಗೆಯುವುದು ಕ್ಯಾಮ್. ಕ್ರ್ಯಾಂಕ್ ಎರಡು ಸುತ್ತು ಬಂದರೆ ಕ್ಯಾಮ್ ಒಂದು ಸುತ್ತು ಬರಬೇಕು, ಒಂದು ಹಲ್ಲು ಹೆಚ್ಚೂ ಅಲ್ಲ ಕಡಿಮೆಯೂ ಅಲ್ಲ. ಇವೆರಡನ್ನೂ ಕಟ್ಟಿಹಾಕಿರುವುದೇ ಟೈಮಿಂಗ್ ಚೈನ್. ನನ್ನ ಎಂಜಿನ್ನಿನಲ್ಲಿ ವಾಲ್ವ್ ಕೆಳಗಿಳಿಯುವ ಜಾಗಕ್ಕೇ ಪಿಸ್ಟನ್ನೂ ಬರುತ್ತದೆ, ಸಮಯ ಮಾತ್ರ ಬೇರೆ. ಕೋಲಾಟದಲ್ಲಿ ಒಬ್ಬ ಅರ್ಧ ಹೆಜ್ಜೆ ತಪ್ಪಿದರೆ ಪಕ್ಕದವನ ಬೆರಳಿಗೆ ಕೋಲು ಬೀಳುತ್ತದಲ್ಲ, ಹಾಗೆ. ಚೈನ್ ಸಡಿಲವಾಗಿ ಎರಡು ಮೂರು ಹಲ್ಲು ಹಾರಿತೆಂದರೆ ವಾಲ್ವ್‌ಗಳು ಬಗ್ಗಿ ಹೋಗುತ್ತವೆ. ಆಮೇಲೆ 58,000 ಕೂಡ ಸಾಲುವುದಿಲ್ಲ.

ಮೂರು ಸೆಕೆಂಡಿನ ಗುಟ್ಟನ್ನೂ ಉಸ್ತಾದರೇ ಬಿಡಿಸಿದರು. ಚೈನನ್ನು ಬಿಗಿಯಾಗಿಡಲು ಪಕ್ಕದಲ್ಲಿ ಒಂದು ಟೆನ್ಷನರ್ ಇರುತ್ತದೆ. ಒಳಗೆ ಸ್ಪ್ರಿಂಗ್ ಇದ್ದರೂ ಅದಕ್ಕೆ ನಿಜವಾದ ಬಲ ಬರುವುದು ಆಯಿಲ್ ಒತ್ತಡದಿಂದ. ರಾತ್ರಿಯೆಲ್ಲ ನಿಂತ ಕಾರಿನಲ್ಲಿ ಆಯಿಲ್ ಕೆಳಗಿಳಿದು ಟೆನ್ಷನರ್ ಬರಿದಾಗಿರುತ್ತದೆ. ಪಂಪು ಮತ್ತೆ ಅಲ್ಲಿಗೆ ಆಯಿಲ್ ಮುಟ್ಟಿಸುವವರೆಗೆ ಸಡಿಲವಾದ ಚೈನು ಕವರಿಗೂ ಗೈಡಿಗೂ ಬಡಿಯುತ್ತದೆ. ನನಗೆ ಕೇಳುತ್ತಿದ್ದದ್ದು ಅದೇ. ಚಳಿಗೂ ಅದಕ್ಕೂ ಸಂಬಂಧ ಅಷ್ಟಕ್ಕಷ್ಟೇ.

"ಎಂಜಿನ್ ಇಳಿಸಬೇಕಾ?" ಎಂದು ಕೇಳಿದೆ.

"ಕಾರಿನ ಮೇಲೇ ಮಾಡಬಹುದು. ಕೈಗೆ ಜಾಗ ಕಮ್ಮಿ, ಅಷ್ಟೇ. ನಾಲ್ಕು ದಿನ ಕೊಡಿ."

ರಜೆ ಇತ್ತು. ಒಂದು ಸ್ಟೂಲ್ ಎಳೆದುಕೊಂಡು ಅಲ್ಲೇ ಕೂತೆ. ಗಿರಾಕಿ ಕೂತು ನೋಡುವುದು ಮೆಕ್ಯಾನಿಕ್‌ಗಳಿಗೆ ಇಷ್ಟವಾಗುವುದಿಲ್ಲ ಎಂದು ಗೊತ್ತು. ಮೊದಲ ಅರ್ಧ ದಿನ ಅವರು ನನ್ನನ್ನು ನೋಡದವರ ಹಾಗೆ ಇದ್ದರು. ಮಧ್ಯಾಹ್ನ ಬೆಳಕು ಸಾಲದೆ ಟಾರ್ಚ್ ಹಿಡಿಯಲು ಹೇಳಿದರು. ಅಲ್ಲಿಂದ ನಾನೂ ಕೆಲಸದವನಾದೆ.

ಬ್ಯಾಟರಿ ವೈರು, ಬಲಗಡೆಯ ಮುಂದಿನ ಚಕ್ರ, ಅದರ ಒಳಗಿನ ಪ್ಲಾಸ್ಟಿಕ್, ಬೆಲ್ಟು, ಕಾಯಿಲ್‌ಗಳು, ಪ್ಲಗ್ಗುಗಳು, ಟ್ಯಾಪೆಟ್ ಕವರ್ ಎಲ್ಲ ಬೇಗ ಬೇಗ ಬಿಚ್ಚಿಕೊಂಡವು. ಮೇಲೆ ಎರಡು ಕ್ಯಾಮ್‌ಗಳ ನಡುವೆ ಚೈನು ಕಾಣಿಸಿತು. ಉಸ್ತಾದ್ ಬೆರಳಿಟ್ಟು ಎತ್ತಿದರು. ಮಗ್ಗಿ ಹೇಳುವಾಗ ತಡವರಿಸುವ ಹುಡುಗನ ಹಾಗೆ ಅದು ಎದ್ದು ಬಿದ್ದು ಮಾಡಿತು. "ಇಲ್ಲಿ ಬೆರಳಿಗೆ ಸಿಗಬಾರದು" ಎಂದರು.

ಆ ಕಡೆಯ ಎಂಜಿನ್ ಮೌಂಟ್ ಬಿಚ್ಚಿದರೆ ಎಂಜಿನ್ ಒಂದು ಪಕ್ಕಕ್ಕೆ ಕೂರುತ್ತದೆ. ಕೆಳಗಿನಿಂದ ಜಾಕಿ ಕೊಡೋಣವೆಂದರೆ ಆಯಿಲ್ ಚೇಂಬರನ್ನೂ ಇಳಿಸಬೇಕು. ಅದಕ್ಕೆ ಬಾನೆಟ್ ಕೆಳಗಿನ ಎರಡು ಅಂಚಿಗೆ ಮರದ ತುಂಡು ಇಟ್ಟು, ಅಡ್ಡಕ್ಕೆ ದಪ್ಪ ಕಬ್ಬಿಣದ ಪೈಪು ಹಾಕಿ, ಸರಪಳಿಯಿಂದ ಎಂಜಿನ್ನನ್ನು ತೂಗುಹಾಕಿದರು. ನೋಡಲು ಥೇಟ್ ತೊಟ್ಟಿಲು.

ಬೆವರಿಳಿಸಿದ್ದು ಕ್ರ್ಯಾಂಕ್ ಪುಲ್ಲಿಯ ಬೋಲ್ಟು. ಒಂದೇ ಒಂದು ಬೋಲ್ಟು, ಆದರೆ ಹನ್ನೊಂದು ವರ್ಷದಿಂದ ಕೂತಲ್ಲೇ ಕೂತಿತ್ತು. ಕಾರನ್ನು ಐದನೇ ಗೇರಿಗೆ ಹಾಕಿ, ನನ್ನನ್ನು ಒಳಗೆ ಕೂರಿಸಿ ಬ್ರೇಕ್ ಒತ್ತಿ ಹಿಡಿಯಲು ಹೇಳಿದರು. ಹೊರಗೆ ಹುಡುಗ ಸಾಕೆಟ್ಟಿನ ರಾಡಿಗೆ ನಾಲ್ಕಡಿ ಪೈಪು ಸಿಕ್ಕಿಸಿ ನೇತುಬಿದ್ದ. ಕಾರು ಅಲುಗಾಡಿತೇ ಹೊರತು ಬೋಲ್ಟು ಅಲುಗಲಿಲ್ಲ. ಸ್ಪ್ರೇ ಹೊಡೆದು ಟೀ ಕುಡಿದು ಬಂದರು. ಎರಡನೇ ಸಲ ಉಸ್ತಾದರೂ ಪೈಪಿಗೆ ಕೈ ಹಾಕಿದರು. ಠಣ್ ಎಂದು ಒಂದು ಸದ್ದು ಬಂತು. ನನ್ನ ಎದೆ ಧಸಕ್ಕೆಂದಿತು, ಏನೋ ಮುರಿಯಿತು ಎಂದುಕೊಂಡೆ. ಹುಡುಗ ನಗುತ್ತಾ ನೆಲದಿಂದ ಏಳುತ್ತಿದ್ದ. ಬೋಲ್ಟು ಬಿಟ್ಟುಕೊಟ್ಟಿತ್ತು.

ಚೇಂಬರ್ ಇಳಿಸಿದಾಗ ಅದರ ತಳದಲ್ಲಿ ಕೆಸರಿನಂಥ ಆಯಿಲ್. ಆಯಿಲ್ ಹೀರುವ ಜಾಲರಿಗೆ ಸಿಕ್ಕಿಕೊಂಡ ಕಂದು ಬಣ್ಣದ ಪ್ಲಾಸ್ಟಿಕ್ ಚೂರುಗಳು. ಚೈನು ಉಜ್ಜಿಕೊಂಡು ಓಡುವ ಗೈಡಿನ ಚೂರುಗಳು ಅವು. ಆ ಜಾಲರಿ ಪೂರ್ತಿ ಕಟ್ಟಿಕೊಂಡಿದ್ದರೆ ಎಂಜಿನ್ನಿಗೆ ಆಯಿಲ್ಲೇ ಸಿಗುತ್ತಿರಲಿಲ್ಲ. "ಚೇಂಬರ್ ಇಳಿಸದೆ ಬರೀ ಚೈನು ಹಾಕಿಕೊಟ್ಟರೆ ಇದು ಒಳಗೇ ಇರ್ತಿತ್ತು ನೋಡಿ" ಎಂದರು ಉಸ್ತಾದ್. ಅವತ್ತು ಅವರು ಆಡಿದ ಅತಿ ಉದ್ದದ ವಾಕ್ಯ ಇದು.

ಟೈಮಿಂಗ್ ಕವರಿಗೆ ಸುತ್ತಲೂ ಬೋಲ್ಟುಗಳು. ಒಂದರ ಉದ್ದ ಇನ್ನೊಂದಕ್ಕಿಲ್ಲ. ಉದ್ದದ್ದನ್ನು ಗಿಡ್ಡದರ ಜಾಗಕ್ಕೆ ಹಾಕಿ ಬಿಗಿದರೆ ಅಲ್ಯುಮಿನಿಯಂ ಸೀಳುತ್ತದೆ. ಹುಡುಗ ಒಂದು ಬಿಸ್ಕತ್ ಬಾಕ್ಸಿನ ರಟ್ಟು ಹರಿದು, ಅದರ ಮೇಲೆ ಕವರಿನ ಆಕಾರ ಬರೆದು, ಬಿಚ್ಚಿದ ಬೋಲ್ಟನ್ನು ಬಿಚ್ಚಿದ ಜಾಗದಲ್ಲೇ ಚುಚ್ಚುತ್ತಾ ಹೋದ. ಇದನ್ನು ಯಾವ ಐಟಿಐಯಲ್ಲೂ ಹೇಳಿಕೊಟ್ಟಿರಲಿಕ್ಕಿಲ್ಲ. ನಾನು ಕಂಡ ಅತ್ಯುತ್ತಮ ಕಲಿಕಾ ಸಾಮಗ್ರಿ ಆ ರಟ್ಟು.

ಚೈನ್ ತೆಗೆಯುವ ಮೊದಲು ಒಂದನೇ ಪಿಸ್ಟನ್ನನ್ನು ಟಾಪಿಗೆ ತರಬೇಕು. ಪ್ಲಗ್ಗಿನ ತೂತಿಗೆ ಉದ್ದನೆಯ ಸ್ಕ್ರೂಡ್ರೈವರ್ ಇಳಿಬಿಟ್ಟು ಕ್ರ್ಯಾಂಕನ್ನು ಕೈಯಲ್ಲಿ ನಿಧಾನಕ್ಕೆ ತಿರುಗಿಸಿದರು. ಸ್ಕ್ರೂಡ್ರೈವರ್ ಮೇಲೆ ಬರುತ್ತಾ ಬರುತ್ತಾ ಇನ್ನು ಏರುವುದಿಲ್ಲ ಎಂಬಲ್ಲಿ ನಿಂತಿತು. ಕ್ರ್ಯಾಂಕಿನ ಗುರುತು ನೇರ ಬಂದಿತ್ತು. ಕ್ಯಾಮ್‌ಗಳ ಗುರುತು ಮಾತ್ರ ಇರಬೇಕಾದ ಜಾಗಕ್ಕಿಂತ ತುಸು ಹಿಂದೆ ನಿಂತಿದ್ದವು. ಹಲ್ಲು ಹಾರಿರಲಿಲ್ಲ, ಚೈನು ಉದ್ದವಾಗಿದ್ದಕ್ಕೆ ಹಿಂದೆ ಬಿದ್ದಿದ್ದವು. ಸ್ಕ್ಯಾನರ್ ಹೇಳಿದ್ದು, ಶಿರಾಡಿಯಲ್ಲಿ ಕಾರು ಎಳೆಯದೇ ಇದ್ದದ್ದು, ಎರಡೂ ಆ ಕೂದಲೆಳೆಯಷ್ಟು ವ್ಯತ್ಯಾಸದಲ್ಲಿತ್ತು. ಗುರುತು ಮಾಡಲು ಉಸ್ತಾದ್ ಬಣ್ಣ ಹುಡುಕುತ್ತಿದ್ದರು. ನನ್ನ ಚೀಲದಲ್ಲಿ ವೈಟ್ನರ್ ಇತ್ತು, ಕೊಟ್ಟೆ. ಮಕ್ಕಳ ಅಂಕಪಟ್ಟಿ ತಿದ್ದುವ ವೈಟ್ನರ್ ಎಂಜಿನ್ನಿಗೂ ಬಿತ್ತು.

ಟೆನ್ಷನರ್ ಬಿಚ್ಚಿ ಅಂಗೈ ಮೇಲಿಟ್ಟರು. ಚೈನು ಸವೆದಷ್ಟೂ ಅದರ ಕಡ್ಡಿ ಹಲ್ಲು ಹಲ್ಲಾಗಿ ಮುಂದೆ ಬರುತ್ತದೆ, ಹಿಂದೆ ಹೋಗುವುದಿಲ್ಲ. ನನ್ನದು ಕೊನೆಯ ಹಲ್ಲಿನ ಹತ್ತಿರ ನಿಂತಿತ್ತು. ಇನ್ನು ತಳ್ಳಲು ಅದರ ಬಳಿ ಏನೂ ಉಳಿದಿರಲಿಲ್ಲ. ಚೈನ್ ಹೊರಬಂತು. ಅದನ್ನು ಬನಿಯನ್ ವೇಸ್ಟಿನಲ್ಲಿ ಒರೆಸಿ ನನ್ನ ಕೈಗೆ ಕೊಟ್ಟರು. ಹೊಳೆಯುತ್ತಿತ್ತು. ಸವೆದದ್ದು ಎಂದು ಕಣ್ಣಿಗೆ ಹೇಳುವಂಥದ್ದು ಅದರಲ್ಲಿ ಏನೂ ಇರಲಿಲ್ಲ.

ಸಾಮಾನಿನ ವಿಷಯಕ್ಕೆ ಬಂದಾಗ ದಸರಾ ಅಡ್ಡ ಬಂತು. ಊರಿನಲ್ಲಿ ಲೋಕಲ್ ಕಿಟ್ 3,200ಕ್ಕೆ ಸಿಗುತ್ತಿತ್ತು. ಉಸ್ತಾದ್ ಒಪ್ಪಲಿಲ್ಲ. "ಚೈನು ಹೆಂಗೋ ನಡೀತದೆ ಮೇಷ್ಟ್ರೇ. ಲೋಕಲ್ ಟೆನ್ಷನರ್ ಹಾಕಿದ್ರೆ ಆರು ತಿಂಗಳಿಗೆ ಮತ್ತೆ ಇದೇ ಪೈಪು, ಇದೇ ಸರಪಳಿ." ಒರಿಜಿನಲ್ ಬೇಕಾದರೆ ಬೆಂಗಳೂರು. ಅಲ್ಲಿ ಕೆಲಸದಲ್ಲಿರುವ ನನ್ನ ಅಕ್ಕನ ಮಗನನ್ನು ಟೌನ್ ಹಾಲ್ ಪಕ್ಕದ ಜೆ.ಸಿ. ರಸ್ತೆಗೆ ಓಡಿಸಿದೆ. ಆ ರಸ್ತೆಯಲ್ಲಿ ಕಾರಿನ ಯಾವ ಸಾಮಾನು ಸಿಗುವುದಿಲ್ಲ ಎಂದು ಕೇಳುವುದೇ ಸುಲಭ. "ಮಾಮ, ಅಂಗಡಿಯವ್ರು ಚಾಸಿ ನಂಬರ್ ಕೇಳ್ತಿದ್ದಾರೆ" ಎಂದು ಫೋನ್ ಮಾಡಿದ. ಅದೇ ಮಾಡೆಲ್, ಅದೇ ವರ್ಷ ಆದರೂ ನಡುವೆ ಎಲ್ಲೋ ಗೈಡಿನ ಅಳತೆ ಬದಲಾಗಿತ್ತಂತೆ. ಆರ್‌ಸಿ ಫೋಟೊ ಕಳಿಸಿದೆ. ಗೋದಾಮಿನಿಂದ ತರಿಸಬೇಕು ಎನ್ನುವಷ್ಟರಲ್ಲಿ ಆಯುಧಪೂಜೆ ಬಂದು ಅಂಗಡಿಗಳೆಲ್ಲ ಬಾಗಿಲು ಹಾಕಿದವು.

ಹಾಗಾಗಿ ನನ್ನ ಕಾರು ಎದೆ ಬಿಚ್ಚಿಕೊಂಡೇ ಹಬ್ಬ ಮಾಡಿತು. ಉಸ್ತಾದ್ ಸ್ವತಃ ಪೂಜೆ ಮಾಡುವವರಲ್ಲ. ಆದರೆ ಹೂವು, ಬಾಳೆಕಂದು, ಬೂದುಗುಂಬಳದ ದುಡ್ಡು ಪ್ರತಿ ವರ್ಷ ಅವರದೇ. ಹುಡುಗರು ಸ್ಪ್ಯಾನರ್‌ಗಳನ್ನೆಲ್ಲ ಸೀಮೆಎಣ್ಣೆಯಲ್ಲಿ ತೊಳೆದು, ಚಿಕ್ಕದರಿಂದ ದೊಡ್ಡದಕ್ಕೆ ಸಾಲಾಗಿ ಜೋಡಿಸಿ ಕುಂಕುಮ ಇಟ್ಟಿದ್ದರು. ನನ್ನ ಕಾರಿಗೂ ಚೆಂಡುಹೂವಿನ ಹಾರ ಬಿತ್ತು. ಆಗಲೇ ಹೊಸದಾಗಿ ಸೇರಿದ ಇನ್ನೊಬ್ಬ ಹುಡುಗ, ಕ್ರ್ಯಾಂಕಿನ ಮೂತಿ ಒರೆಸಿ ಹೂ ಇಡೋಣವೆಂದು ರಾಡು ಹಾಕಿ ತಿರುಗಿಸಲು ಹೋದ. ಉಸ್ತಾದ್ ಶೆಡ್ಡಿನ ಆ ತುದಿಯಿಂದ ಕೂಗಿದ ಕೂಗಿಗೆ ಕೈಯಲ್ಲಿದ್ದ ಹೂವೂ ಬಿತ್ತು. ಚೈನು ಇಲ್ಲದಾಗ ಕ್ರ್ಯಾಂಕ್ ತಿರುಗಿದರೆ ಕ್ಯಾಮ್ ನಿಂತಲ್ಲೇ ನಿಂತಿರುತ್ತದೆ. ಪಿಸ್ಟನ್ ಹೋಗಿ ತೆರೆದ ವಾಲ್ವಿಗೆ ಗುದ್ದುತ್ತದೆ. ಒಂಬತ್ತು ತಿಂಗಳು ನಾನು ತಪ್ಪಿಸಿಕೊಂಡು ಬಂದದ್ದನ್ನು ಆ ಹುಡುಗ ಭಕ್ತಿಯಿಂದ ಮಾಡಿಬಿಡುತ್ತಿದ್ದ. ಆಮೇಲೆ ಕ್ರ್ಯಾಂಕಿನ ಮೇಲೆ ಒಂದು ರಟ್ಟು ನೇತುಹಾಕಿದರು: "ಮುಟ್ಟಬೇಡಿ". ಬರೆದದ್ದು ನಾನು.

ವಿಜಯದಶಮಿ ಕಳೆದ ಮೇಲೆ ಪಾರ್ಸೆಲ್ ಬಸ್ಸಿನಲ್ಲಿ ಬಂತು. ಹಳೆಯ ಚೈನು, ಹೊಸ ಚೈನು ಎರಡನ್ನೂ ಒಂದೇ ಮೊಳೆಗೆ ನೇತುಹಾಕಿ ನೋಡಿದೆವು. ಹಳೆಯದು ಸುಮಾರು ಎರಡೂವರೆ ಮಿಲಿಮೀಟರ್ ಕೆಳಗೆ ಬಂದಿತ್ತು, ಒಂದು ಅಕ್ಕಿಕಾಳಿನ ಅಗಲ. ಇಷ್ಟಕ್ಕಾ ಇಷ್ಟೆಲ್ಲ ಎಂದುಕೊಂಡೆ. ಆದರೆ ಹಾರದಂತೆ ತೂಗುವ ಚೈನಿನಲ್ಲಿ ವ್ಯತ್ಯಾಸ ಅರ್ಧವೇ ಕಾಣುತ್ತದೆ. ನಿಜಕ್ಕೂ ಉದ್ದವಾಗಿರುವುದು ಐದು ಮಿಲಿಮೀಟರ್. ಕೊಂಡಿಗಳನ್ನು ಎಣಿಸಿದೆ, 130. ಭಾಗಿಸಿದರೆ ಒಂದು ಕೊಂಡಿಗೆ 0.04 ಮಿಲಿಮೀಟರ್ ಕೂಡ ಬರುವುದಿಲ್ಲ. ತಲೆಗೂದಲಿನ ದಪ್ಪಕ್ಕಿಂತ ಕಡಿಮೆ. ಚೈನ್ ಹಿಗ್ಗಿದೆ ಎಂದು ಎಲ್ಲರೂ ಹೇಳುತ್ತಾರೆ, ಆದರೆ ಉಕ್ಕೇನೂ ರಬ್ಬರಿನಂತೆ ಹಿಗ್ಗಿರುವುದಿಲ್ಲ. ಪ್ರತಿ ಕೊಂಡಿಯಲ್ಲಿ ಒಂದು ಪಿನ್ನು, ಅದರ ಸುತ್ತ ಒಂದು ಬುಷ್ ಇರುತ್ತದೆ. ಅವೆರಡರ ನಡುವೆ ಆಯಿಲ್ಲಿನ ಪೊರೆ ಇದ್ದರೆ ಸರಿ. ಹಳೆಯ, ಕೊಳೆಯಾದ ಆಯಿಲ್ ಅಲ್ಲಿ ಉಜ್ಜುವ ಕಾಗದದ ಕೆಲಸ ಮಾಡುತ್ತದೆ. ಬುಷ್, ರೋಲರ್ ಇರುವ ಈ ಬಗೆಯ ಚೈನನ್ನು 1880ರಲ್ಲಿ ಮ್ಯಾಂಚೆಸ್ಟರಿನಲ್ಲಿ ಹ್ಯಾನ್ಸ್ ರೆನಾಲ್ಡ್ ಎಂಬವರು ರೂಪಿಸಿದರು. ನಮ್ಮ ಸೈಕಲ್ಲಿನಲ್ಲಿ ಇರುವುದೂ ಅದರದೇ ವಂಶ. ಸೈಕಲ್ ಚೈನಿಗೆ ತಿಂಗಳಿಗೊಮ್ಮೆ ಎಣ್ಣೆ ಬಿಡುತ್ತಿದ್ದ ನಾನು, ಕಣ್ಣಿಗೆ ಕಾಣದ ಚೈನಿಗೆ ಮಾತ್ರ ಬಿಡಲಿಲ್ಲ.

ಉಸ್ತಾದರ ಪರೀಕ್ಷೆ ಇನ್ನೂ ಸರಳ. ಎರಡನ್ನೂ ಅಡ್ಡಡ್ಡ ಮಲಗಿಸಿ ಒಂದು ತುದಿ ಹಿಡಿದು ಎತ್ತಿದರು. ಹೊಸದು ಹೆಚ್ಚುಕಡಿಮೆ ನೇರ ನಿಂತಿತು. ಹಳೆಯದು ತೆಂಗಿನ ಗರಿಯ ಹಾಗೆ ಬಾಗಿತು.

ಹಲ್ಲುಗಾಲಿಗಳ ಬಗ್ಗೆ ನಮ್ಮಿಬ್ಬರಿಗೂ ಸ್ವಲ್ಪ ಚರ್ಚೆಯಾಯಿತು. ಹಳೆಯ ಹಲ್ಲಿನ ಮೇಲೆ ಹೊಸ ಚೈನು ಹಾಕಿದರೆ ಅದೂ ಬೇಗ ಸವೆಯುತ್ತದೆ. ಕ್ರ್ಯಾಂಕಿನ ಗಾಲಿಗೆ 20 ಹಲ್ಲು, ಕ್ಯಾಮಿನದಕ್ಕೆ 40. ಚಿಕ್ಕದರ ಒಂದೊಂದು ಹಲ್ಲಿಗೂ ದುಪ್ಪಟ್ಟು ಕೆಲಸ, ಅದು ಮೊನಚಾಗಿ ಬಾಗಿತ್ತು. ಅದನ್ನೂ ಹೊಗೆ ಬಿಡುವ ವಾಲ್ವ್‌ಗಳ ಕ್ಯಾಮ್ ಗಾಲಿಯನ್ನೂ ಬದಲಿಸುವುದೆಂದಾಯಿತು. ಗಾಳಿ ಒಳಗೆ ಬಿಡುವ ಕಡೆಯ ಗಾಲಿಯ ಒಳಗೆ, ಆಯಿಲ್ ಒತ್ತಡದಿಂದ ಕ್ಯಾಮನ್ನು ಹಿಂದೆ ಮುಂದೆ ಸರಿಸುವ ವಿವಿಟಿ ಇದೆ. ಅದೊಂದರ ಬೆಲೆಯೇ ಉಳಿದೆಲ್ಲ ಸಾಮಾನಿಗಿಂತ ಜಾಸ್ತಿ. ಹಲ್ಲುಗಳ ಮೇಲೆ ಉಗುರು ಎಳೆದು ನೋಡಿ, "ಇದು ಇರಲಿ" ಎಂದರು. ನಾನೂ ಹೂಂ ಎಂದೆ. ಅದು ಸರಿಯಾದ ತೀರ್ಮಾನವೋ, ಜೇಬಿನ ತೀರ್ಮಾನವೋ, ಈಗಲೂ ಗೊಂದಲವಿದೆ.

ಜೋಡಿಸುವಾಗ ಉಸ್ತಾದ್ ಬೇರೆಯೇ ಮನುಷ್ಯ. ಹುಡುಗರಿಗೆ ರೇಡಿಯೊ ಆಫ್ ಮಾಡಲು ಹೇಳಿದರು. ಹೊಸ ಚೈನಿನಲ್ಲಿ ಮೂರು ಕೊಂಡಿಗಳಿಗೆ ಬೇರೆ ಬಣ್ಣ ಇರುತ್ತದೆ. ಒಂದು ಕ್ರ್ಯಾಂಕಿನ ಗುರುತಿಗೆ, ಎರಡು ಕ್ಯಾಮ್‌ಗಳ ಗುರುತಿಗೆ ಕೂರಬೇಕು. ಆಯಿಲ್ಲಿನಲ್ಲಿ ಅದ್ದಿದ ಚೈನನ್ನು ಮೇಲಿನಿಂದ ಇಳಿಬಿಟ್ಟರು, ಗೈಡುಗಳನ್ನು ಕೂರಿಸಿದರು. ಹೊಸ ಟೆನ್ಷನರಿನ ಕಡ್ಡಿಯನ್ನು ಒಂದು ಪಿನ್ನು ತಡೆದು ಹಿಡಿದಿತ್ತು. ಎಲ್ಲ ಬಿಗಿದ ಮೇಲೆ ಆ ಪಿನ್ನನ್ನು ನನ್ನಿಂದ ಎಳೆಸಿದರು. ಟಕ್ ಎಂದಿತು. ಜೋತಾಡುತ್ತಿದ್ದ ಚೈನು ವೀಣೆಯ ತಂತಿಯ ಹಾಗೆ ಬಿಗಿದುಕೊಂಡಿತು.

ಈಗ ಕ್ರ್ಯಾಂಕನ್ನು ಕೈಯಲ್ಲಿ ಎರಡು ಸುತ್ತು ತಿರುಗಿಸಿ ಗುರುತು ಮತ್ತೆ ತಾಳೆ ನೋಡಬೇಕು. ಹುಡುಗ ತಿರುಗಿಸಿದ, ನಾನು ಟಾರ್ಚ್ ಬಿಟ್ಟೆ. ನೋಡಿದರೆ ಬಣ್ಣದ ಕೊಂಡಿಗಳು ಎಲ್ಲೆಲ್ಲೋ ಹೋಗಿವೆ! "ಉಸ್ತಾದ್, ತಪ್ಪಾಗಿದೆ, ತಪ್ಪಾಗಿದೆ" ಎಂದು ಕೂಗಿಕೊಂಡೆ. ಅವರು ಮೊದಲ ಸಲ ಜೋರಾಗಿ ನಕ್ಕರು. "ಕೊಂಡಿ ನೋಡಬೇಡಿ ಮೇಷ್ಟ್ರೇ. ಗಾಲಿ ನೋಡಿ." ಗಾಲಿಗಳ ಮೇಲಿನ ಗುರುತು ಮೂರೂ ಕರಾರುವಾಕ್ಕಾಗಿ ತಮ್ಮ ಜಾಗದಲ್ಲಿದ್ದವು. ಕೊಂಡಿಯ ಬಣ್ಣ ಜೋಡಿಸುವಾಗ ಒಂದೇ ಸಲಕ್ಕೆ ಬೇಕು, ಆಮೇಲೆ ಅದಕ್ಕೆ ಬೆಲೆಯಿಲ್ಲ.

ರಾತ್ರಿ ಮಲಗಿದಾಗ ಲೆಕ್ಕ ಹೊಳೆಯಿತು. ಎರಡು ಸುತ್ತಿಗೆ ಚೈನು 40 ಕೊಂಡಿ ಸರಿಯುತ್ತದೆ. ಒಟ್ಟು 130. ಇವೆರಡರ ಲಸಾಅ 520. ಅಂದರೆ ಕ್ರ್ಯಾಂಕ್ 26 ಸುತ್ತು ಬಂದರೆ ಮಾತ್ರ ಬಣ್ಣದ ಕೊಂಡಿಗಳು ಮತ್ತೆ ಅದೇ ಗುರುತಿಗೆ ಬರುತ್ತವೆ. ಎದ್ದು ಹೆಂಡತಿಗೆ ಹೇಳಿದೆ. "ನಿದ್ದೆ ಮಾಡ್ರೀ" ಎಂದಳು. ರಜೆ ಮುಗಿದ ಮೇಲೆ ಒಂಬತ್ತನೇ ತರಗತಿಯಲ್ಲಿ ಹೇಳಿದಾಗ ಕೇಳಿದವರು ಸ್ವಲ್ಪ ಜಾಸ್ತಿ ಇದ್ದರು.

ಅಷ್ಟರಲ್ಲಿ ಶೆಡ್ಡಿನಲ್ಲಿ ಕವರಿನ ಅಂಚನ್ನೆಲ್ಲ ಕೆರೆದು ಒರೆಸಿ, ಹೊಸ ಆಯಿಲ್ ಸೀಲ್ ಕೂರಿಸಿ, ಗ್ಯಾಸ್ಕೆಟ್ ಪೇಸ್ಟಿನ ಎಳೆ ಬಿಟ್ಟು ಮುಚ್ಚಿದ್ದರು. ಅದು ಒಣಗಲು ಒಂದು ರಾತ್ರಿ. ಕ್ರ್ಯಾಂಕ್ ಪುಲ್ಲಿಗೆ ಹೊಸ ಬೋಲ್ಟು, ಟಾರ್ಕ್ ರೆಂಚಿನಲ್ಲಿ ಬಿಗಿದದ್ದು. ಉಸ್ತಾದರ ಶೆಡ್ಡಿನಲ್ಲಿ ಬೀಗ ಹಾಕಿ ಇಡುವ ಒಂದೇ ಒಂದು ಸಾಮಾನು ಆ ರೆಂಚು.

ಮಾರನೇ ಬೆಳಿಗ್ಗೆ ಪೆಟ್ರೋಲ್ ಪಂಪಿನ ಫ್ಯೂಸ್ ತೆಗೆದು ಮೂರು ಸಲ ಹತ್ತು ಹತ್ತು ಸೆಕೆಂಡು ಸೆಲ್ಫ್ ಹೊಡೆದರು. ಎಂಜಿನ್ ಹತ್ತಿಕೊಳ್ಳದೆ ಬರೀ ತಿರುಗಿ ಆಯಿಲ್ ಮೇಲೇರಲಿ ಎಂದು. ಆಯಿಲ್ ದೀಪ ಆರಿತು. ಫ್ಯೂಸ್ ವಾಪಸ್ ಹಾಕಿ, "ನೀವೇ ಹೊಡೀರಿ" ಎಂದು ಕೀಲಿ ಕೊಟ್ಟರು. ಹೊಡೆದೆ. ಗರ್ ಎಂದಿತು! ಅದೇ ಸದ್ದು. ನನ್ನ ಮುಖ ನೋಡಿ ಉಸ್ತಾದ್ ಕೈ ಎತ್ತಿ ತಡೆದರು. ಎರಡು ಸೆಕೆಂಡು, ಅಷ್ಟೇ. ಹೊಸ ಟೆನ್ಷನರಿಗೆ ಆಯಿಲ್ ತುಂಬಿಕೊಂಡಿತು. ಆಮೇಲೆ ಬಂದದ್ದು ಹೊಲಿಗೆ ಮಿಷನ್ನಿನಂಥ ಸಣ್ಣ ಸದ್ದು. ಆ ಕಾರು ಹಾಗೆ ಸದ್ದು ಮಾಡಬಲ್ಲದು ಎಂದು ನನಗೆ ಗೊತ್ತೇ ಇರಲಿಲ್ಲ, ನಾನು ಕೊಂಡಾಗಲೇ ಚೈನು ಅರ್ಧ ಸವೆದಿತ್ತೇನೋ. ಸ್ಕ್ಯಾನರಿನಲ್ಲಿ ಹಳೆಯ ಕೋಡು ಅಳಿಸಿ, ಇಪ್ಪತ್ತು ಕಿಲೋಮೀಟರ್ ಓಡಿಸಿ ಮತ್ತೆ ಹಾಕಿ ನೋಡಿದರು. ಏನೂ ಇರಲಿಲ್ಲ.

ಖರ್ಚು ಹೇಳಿಬಿಡುತ್ತೇನೆ, ಎಲ್ಲರೂ ಕೇಳುವುದು ಅದನ್ನೇ. ಚೈನು, ಟೆನ್ಷನರ್, ಗೈಡುಗಳ ಕಿಟ್ 9,400. ಎರಡು ಗಾಲಿ 3,050. ಸೀಲು, ಪ್ಯಾಕಿಂಗ್, ಪೇಸ್ಟು, ಬೋಲ್ಟು ಸೇರಿ 1,430. ಆಯಿಲ್, ಫಿಲ್ಟರ್ 2,300. ಕೂಲಿ 8,000. ಒಟ್ಟು 24,180. ಸೆನ್ಸರಿಗೆ ಕೊಟ್ಟ 1,800 ಬೇರೆ. ಒಂಬತ್ತು ತಿಂಗಳ ಹಿಂದೆ ಬಂದಿದ್ದರೆ ಕಡಿಮೆಯಾಗುತ್ತಿತ್ತಾ ಎಂದು ಕೇಳಿದೆ. "ಗಾಲಿದು ಉಳೀತಿತ್ತೇನೋ" ಎಂದರು. ಚೌಕಾಸಿ ಮಾಡಲು ನನಗೆ ಬಾಯಿ ಬರಲಿಲ್ಲ.

1,000 ಕಿಲೋಮೀಟರ್ ಆದ ಮೇಲೆ ಮತ್ತೆ ಬರಲು ಹೇಳಿದ್ದರು, ಒಳಗೆ ಉಳಿದ ಕೊಳೆ ಹೋಗಲಿ ಎಂದು ಆಯಿಲ್ ಇನ್ನೊಮ್ಮೆ ಬದಲಿಸಲು. ಹೋದೆ. ಇಳಿದ ಆಯಿಲ್ಲನ್ನು ಬೇಸಿನ್ನಿನಲ್ಲಿ ಹಿಡಿದು, ಒಂದು ಆಯಸ್ಕಾಂತ ಅದ್ದಿ ಆಚೀಚೆ ಆಡಿಸಿದರು. ಅಂಟಿದ ಪುಡಿಯನ್ನು ಹೆಬ್ಬೆರಳಲ್ಲಿ ಉಜ್ಜಿ ನೋಡಿ ತಲೆಯಾಡಿಸಿದರು. ತಳದಲ್ಲಿ ಒಂದೇ ಒಂದು ಕಂದು ಪ್ಲಾಸ್ಟಿಕ್ ಚೂರು ಸಿಕ್ಕಿತು, ಉದ್ದಿನಕಾಳಿನಷ್ಟು. "ಇದು ಹಳೇದು" ಎಂದು ನನ್ನ ಅಂಗೈಗೆ ಹಾಕಿದರು.

ಹೊಸ ಆಯಿಲ್ ಹಾಕಿ ಮುಚ್ಚಳ ತಿರುಗಿಸಿದ ಮೇಲೆ ಕೈ ಚಾಚಿದರು.

"ನಿಮ್ಮ ವೈಟ್ನರ್ ಕೊಡಿ ಮೇಷ್ಟ್ರೇ."

ಕೊಟ್ಟೆ. ಬಾನೆಟ್ಟಿನ ಒಳಗಡೆ, ನಾನು ಎತ್ತಿದ ಕೂಡಲೇ ಕಾಣುವ ಜಾಗದಲ್ಲಿ, ದಪ್ಪಕ್ಷರದಲ್ಲಿ ಬರೆದರು: 1,26,900.